ಉಸಿರಾಟದ ಟ್ಯೂಬ್ ಹಾಕಿ ಆರನೇ ದಿನ ನಾಲಿಗೆ ಬಾತು ಹಲ್ಲಿನಾಚೆ ಬಂದಿದೆ, ಎಲ್ಲಿಂದ ಶುರು ಮಾಡಬೇಕು?

ಅಘನಾಶಿನಿ ತೀರ, ಕುಮಟಾ:

ಎಂಟು ಹಾಸಿಗೆಯ ಐಸಿಯು. ಅರಿವಳಿಕೆ ಡಾಕ್ಟರು ಬೆಳಿಗ್ಗೆ, ಸಂಜೆ ಬಂದು ಹೋಗುತ್ತಾರೆ, ಇಎನ್‌ಟಿ ಕರೆದರೆ ಮಾತ್ರ. ನಡುವೆ ಏನೇ ಆದರೂ ಮೊದಲು ನೋಡುವವರು ನರ್ಸುಗಳೇ. ಗೊತ್ತಿದ್ದವರು ಬಿಡಿಸಿ ಹೇಳಿದರೆ ಉಪಕಾರ.

58ರ ಗಂಡಸು. ರಾತ್ರಿ ನೆಲದ ಮೇಲೆ ಮಲಗಿದ್ದಾಗ ಕಟ್ಟುಹಾವು ಕಡಿದಿದೆ. ಎಎಸ್‌ವಿ (ಹಾವಿನ ವಿಷಕ್ಕೆ ಕೊಡುವ ಪ್ರತಿವಿಷ) ಮೊದಲ ದಿನವೇ ಮುಗಿದಿದೆ. ಉಸಿರಿನ ಸ್ನಾಯು ಸೋತಿದ್ದರಿಂದ ಟ್ಯೂಬ್ ಹಾಕಿ ವೆಂಟಿಲೇಟರ್, ಇವತ್ತಿಗೆ ಆರನೇ ದಿನ. 8 ನಂಬರ್ ಟ್ಯೂಬ್, ಬಾಯಿಯ ಬಲ ಮೂಲೆ, ಹಲ್ಲಿನ ಹತ್ತಿರ 23 ಸೆಂ.ಮೀ. ಟ್ಯೂಬ್ ಹಾಕುವಾಗ ಇಟ್ಟ ಗುಡೆಲ್ ಏರ್‌ವೇ (ನಾಲಿಗೆಯ ಮೇಲೆ ಕೂರುವ ಬಾಗಿದ ಪ್ಲಾಸ್ಟಿಕ್ ನಳಿಗೆ) ಇನ್ನೂ ಬಾಯಲ್ಲೇ ಇದೆ. ನಾಲ್ಕನೇ ದಿನದಿಂದ ಮನೆಯ ಮಾತ್ರೆಗಳನ್ನು ಪುಡಿ ಮಾಡಿ ಮೂಗಿನಿಂದ ಹೊಟ್ಟೆಗೆ ಹೋಗುವ ರೈಲ್ಸ್ ಟ್ಯೂಬಿನಲ್ಲಿ ಕೊಡುತ್ತಿದ್ದೇವೆ: ಬಿಪಿಗೆ ಎನಾಲಪ್ರಿಲ್ 5, ಸಕ್ಕರೆಗೆ ಮೆಟ್‌ಫಾರ್ಮಿನ್ 500, ವಿಲ್ಡಾಗ್ಲಿಪ್ಟಿನ್ 50. ಜೊತೆಗೆ ರಕ್ತ ಹೆಪ್ಪುಗಟ್ಟದಂತೆ ದಿನಕ್ಕೊಂದು ಎನಾಕ್ಸಪರಿನ್ 40.

ನಿನ್ನೆ ರಾತ್ರಿ ಪಾಳಿಯಲ್ಲಿ ನಾಲಿಗೆ ದಪ್ಪಗಾಗಿದ್ದು ಕಂಡಿತು. ಬೆಳಗಾಗುವಷ್ಟರಲ್ಲಿ ಹಲ್ಲಿನಿಂದ ಎರಡು ಬೆರಳಗಲ ಹೊರಗೆ. ಮೇಲ್ತುಟಿಯೂ ಸ್ವಲ್ಪ ಉಬ್ಬಿದೆ. ಮೈಮೇಲೆ ಗಂಧೆ ಇಲ್ಲ, ಜ್ವರ ಇಲ್ಲ, ಬಿಪಿ 130/80, ಆಕ್ಸಿಜನ್ 98. ಅಲರ್ಜಿಗೆ ಕೊಡುವ ಅವಿಲ್, ಹೈಡ್ರೋಕಾರ್ಟಿಸೋನ್ ಎರಡೆರಡು ಸಲ ಕೊಟ್ಟಾಯಿತು, ಕೂದಲೆಳೆಯಷ್ಟೂ ಇಳಿದಿಲ್ಲ. ಮನೆಯವರು "ವಿಷ ನಾಲಿಗೆಗೆ ಏರಿದೆ, ಇನ್ನೊಂದಿಷ್ಟು ಇಂಜೆಕ್ಷನ್ ಕೊಡಿ" ಅಂತ ಬಾಗಿಲಲ್ಲೇ ನಿಂತಿದ್ದಾರೆ.

ಇದು ಟ್ಯೂಬಿನಿಂದಲೋ, ಬೇರೆಯೋ? ನಾಲಿಗೆಯನ್ನು ಒಳಗೆ ತಳ್ಳಿ ಬ್ಯಾಂಡೇಜ್ ಕಟ್ಟಬಹುದಾ? ಕೈ ಬೆರಳು ಆಡಿಸಲು ಶುರು ಮಾಡಿದ್ದಾರೆ, ಎರಡು ದಿನದಲ್ಲಿ ಟ್ಯೂಬ್ ತೆಗೆಯುವ ಮಾತಿತ್ತು. ಈ ನಾಲಿಗೆ ಇಟ್ಟುಕೊಂಡು ತೆಗೆಯುವುದು ಹೇಗೆ?


ಕೋಡಿಬಾಗ, ಕಾರವಾರ (ಅರಿವಳಿಕೆ ವಿಭಾಗ):

ನಿಮ್ಮ ಔಷಧಿ ಪಟ್ಟಿಯಲ್ಲೇ ಒಬ್ಬ ಆರೋಪಿ ಕೂತಿದ್ದಾನೆ, ಎನಾಲಪ್ರಿಲ್. ಮುಂದಿನ ಡೋಸ್ ಹೋಗುವ ಮೊದಲು ಡಾಕ್ಟರಿಗೆ ಫೋನ್ ಮಾಡಿ ನಿಲ್ಲಿಸಿ. ಬಿಪಿಗೆ ಆಮ್ಲೋಡಿಪಿನ್ ಸಾಕು.

ಯಾಕೆಂದರೆ, ದೇಹದಲ್ಲಿ ಬ್ರಾಡಿಕೈನಿನ್ ಅಂತ ಒಂದು ವಸ್ತು ಹುಟ್ಟುತ್ತಲೇ ಇರುತ್ತದೆ, ಅದು ಸಣ್ಣ ರಕ್ತನಾಳಗಳನ್ನು ಸೋರುವಂತೆ ಮಾಡುತ್ತದೆ. ಅದನ್ನು ಒಡೆದು ಹಾಕುವ ಕಿಣ್ವವನ್ನೇ 'ಪ್ರಿಲ್' ಮಾತ್ರೆಗಳು ಕಟ್ಟಿ ಹಾಕುತ್ತವೆ. ಕೆಲವರಲ್ಲಿ ಬ್ರಾಡಿಕೈನಿನ್ ಹೆಚ್ಚಾಗಿ ತುಟಿ, ನಾಲಿಗೆ, ಗಂಟಲು ಬಾತುಕೊಳ್ಳುತ್ತವೆ. ಅಲರ್ಜಿ ತರುವ ಹಿಸ್ಟಮಿನ್‌ಗೂ ಇದಕ್ಕೂ ಸಂಬಂಧವೇ ಇಲ್ಲ, ಅದಕ್ಕೇ ಅವಿಲ್ ಕೊಟ್ಟರೂ ಹೈಡ್ರೋಕಾರ್ಟಿಸೋನ್ ಕೊಟ್ಟರೂ ಕಲ್ಲಿನ ಮೇಲೆ ನೀರು ಹೊಯ್ದ ಹಾಗೆ. ಗಂಧೆ ಇಲ್ಲ, ತುರಿಕೆ ಇಲ್ಲ, ಬಿಪಿ ಇಳಿದಿಲ್ಲ, ತುಟಿಯೂ ಸೇರಿ ಊದಿದೆ ಅಂತ ನೀವು ಬರೆದಿದ್ದು ಇದಕ್ಕೆ ಹೊಂದುತ್ತದೆ. ವಿಲ್ಡಾಗ್ಲಿಪ್ಟಿನ್ ಜೊತೆಗಿದ್ದರೆ ಈ ಸಾಧ್ಯತೆ ಇನ್ನೂ ಜಾಸ್ತಿ, ಅದನ್ನೂ ನಿಲ್ಲಿಸಿ. ಸಕ್ಕರೆಯನ್ನು ಇನ್ಸುಲಿನ್‌ನಲ್ಲಿ ನೋಡಿಕೊಳ್ಳಬಹುದು. "ವರ್ಷಗಟ್ಟಲೆ ನುಂಗುತ್ತಿದ್ದ ಮಾತ್ರೆ, ಈಗ್ಯಾಕೆ?" ಅಂತ ಮನೆಯವರು ಕೇಳಿಯೇ ಕೇಳುತ್ತಾರೆ. ಮೊದಲ ವಾರವೂ ಬರಬಹುದು, ಹತ್ತು ವರ್ಷ ಬಿಟ್ಟೂ ಬರಬಹುದು. ಬಾಯಲ್ಲಿ ಟ್ಯೂಬು ಉಜ್ಜುವುದೇ ಕಿಡಿ ಹೊತ್ತಿಸಲು ಸಾಕಾಗುತ್ತದೆ.

ಹಾವಿನ ವಿಷದ ಮಾತಿಗೆ ಬರೋಣ. ಕಟ್ಟುಹಾವಿನ ವಿಷ ನರ-ಸ್ನಾಯು ಕೂಡುವ ಜಾಗಕ್ಕೆ ಹೊಡೆಯುತ್ತದೆ, ಕಡಿದ ಕಡೆಯೇ ಊತ ಇರುವುದಿಲ್ಲ, ಇನ್ನು ನಾಲಿಗೆಗೆ ಎಲ್ಲಿಂದ? ಮತ್ತೆ ಎಎಸ್‌ವಿ ಕೊಟ್ಟರೆ ಊತ ಇಳಿಯುವುದಿಲ್ಲ, ಅಲರ್ಜಿಯ ಅಪಾಯ ಮಾತ್ರ ಹೊಸದಾಗಿ ಬರುತ್ತದೆ. ಎಎಸ್‌ವಿ ಆದ 5ರಿಂದ 14 ದಿನದೊಳಗೆ ಸೀರಮ್ ಸಿಕ್‌ನೆಸ್ (ಆ ಔಷಧಿಗೇ ತಡವಾಗಿ ಬರುವ ಪ್ರತಿಕ್ರಿಯೆ) ಬರುವುದುಂಟು, ಆದರೆ ಅದು ಜ್ವರ, ಗಂಧೆ, ಸಂದು ನೋವು ಹೊತ್ತುಕೊಂಡು ಬರುತ್ತದೆ. ಅವು ಕಂಡರೆ ಡಾಕ್ಟರಿಗೆ ಹೇಳಿ.

ನಿಜವಾದ ಅಲರ್ಜಿ ಆಗಿದ್ದರೆ, ಅಂದರೆ ಹೊಸ ಆಂಟಿಬಯೋಟಿಕ್ ಹೋದ ಕೆಲವೇ ನಿಮಿಷದಲ್ಲಿ ಬಿಪಿ ಬಿದ್ದು, ವೆಂಟಿಲೇಟರ್ ಪ್ರೆಶರ್ ಏರಿ, ಮೈ ಕೆಂಪಾದರೆ, ಅಡ್ರಿನಾಲಿನ್ 0.5 ಮಿ.ಗ್ರಾಂ ತೊಡೆಯ ಹೊರಬದಿಯ ಸ್ನಾಯುವಿಗೆ. ಅಲ್ಲಿ ಯೋಚಿಸುತ್ತ ಕೂರಬಾರದು. ಇಲ್ಲಿ ಆ ಚಿತ್ರ ಇಲ್ಲ.

ಈ ಊತ ಇಳಿಸಲು ಪ್ಲಾಸ್ಮಾ, ಟ್ರಾನೆಕ್ಸಾಮಿಕ್ ಆಸಿಡ್, ಇಕಾಟಿಬಾಂಟ್ ಕೊಡಿ ಅಂತೆಲ್ಲ ಯಾರಾದರೂ ಹೇಳಬಹುದು. ಟ್ಯೂಬ್ ಇಲ್ಲದೆ ಉಸಿರು ಕಟ್ಟುತ್ತಿರುವವರಿಗೆ ಆ ಚರ್ಚೆ. ನಿಮ್ಮವರಿಗೆ ದಾರಿ ಈಗಾಗಲೇ ಭದ್ರವಾಗಿದೆ, ಮಾತ್ರೆ ನಿಲ್ಲಿಸಿ ಕಾದರೆ ಸಾಧಾರಣ 1ರಿಂದ 3 ದಿನದಲ್ಲಿ ಇಳಿಯುತ್ತದೆ. ಕಿಡ್ನಿ ಸರಿಯಿಲ್ಲದಿದ್ದರೆ ಎನಾಲಪ್ರಿಲ್ ದೇಹದಿಂದ ಹೋಗುವುದು ತಡ, ಕ್ರಿಯಾಟಿನಿನ್ ನೋಡಿ.

ಈಗ ಇರುವ ದೊಡ್ಡ ಅಪಾಯ ಊತ ಅಲ್ಲ, ಟ್ಯೂಬ್ ಜಾರಿ ಬರುವುದು. ಈ ನಾಲಿಗೆಯನ್ನು ದಾಟಿ ಮತ್ತೆ ಹಾಕುವುದು ಆಗದೇ ಹೋಗಬಹುದು. ಹಾಸಿಗೆಯ ತಲೆಬದಿಗೆ "ನಾಲಿಗೆ ಊದಿದೆ, ಟ್ಯೂಬ್ ಬದಲಿಸಬೇಡಿ" ಅಂತ ದಪ್ಪಕ್ಷರದಲ್ಲಿ ಬರೆದು ಅಂಟಿಸಿ. ಪಕ್ಕದ ಟ್ರೇಯಲ್ಲಿ ಬೂಜಿ (ಟ್ಯೂಬಿಗೆ ದಾರಿ ತೋರಿಸುವ ಬಾಗುವ ಕಡ್ಡಿ), 10 ನಂಬರ್ ಬ್ಲೇಡು, ಕಫ್ ಇರುವ 6 ನಂಬರ್ ಟ್ಯೂಬು, ಟ್ರೇಕಿಯಾಸ್ಟಮಿ ಸೆಟ್ ಇರಲಿ. ಮೇಲಿನಿಂದ ಆಗದಿದ್ದರೆ ಕುತ್ತಿಗೆಯ ಮುಂಭಾಗದಿಂದ ದಾರಿ ಮಾಡಲು ಬೇಕಾಗುವ ಸಾಮಾನು ಇಷ್ಟೇ.

ಇನ್ನೊಂದು. ಕಟ್ಟುಹಾವಿನ ಪೇಶೆಂಟ್ ಕಣ್ಣು ತೆರೆಯುವುದಿಲ್ಲ ಅಂದ ಮಾತ್ರಕ್ಕೆ ಎಚ್ಚರ ಇಲ್ಲ ಅಂತಲ್ಲ, ರೆಪ್ಪೆ ಎತ್ತಲು ಬಲ ಇಲ್ಲ ಅಷ್ಟೇ. ನಾಲಿಗೆ ಹಲ್ಲಿಗೆ ಸಿಕ್ಕಿದ ನೋವು ಪೂರ್ತಿ ಗೊತ್ತಾಗುತ್ತಿರುತ್ತದೆ. ಬೆರಳು ಆಡುತ್ತಿದೆಯಲ್ಲ, "ನೋವಿದ್ದರೆ ಎರಡು ಸಲ ಆಡಿಸಿ" ಅಂತ ಕೇಳಿ. ನೋವಿನ ಔಷಧಿ, ನಿದ್ದೆಯ ಔಷಧಿ ಕಡಿಮೆ ಮಾಡುವ ಮೊದಲು ಇದು ಮುಖ್ಯ.


ದೇವಿಮನೆ ತಿರುವು, ಶಿರಸಿ (ಐಸಿಯು ನರ್ಸಿಂಗ್):

ಕೋಡಿಬಾಗದ ಸರ್ ಹೇಳಿದ್ದು ಒಪ್ಪಿದೆ, ಆದರೆ ನಾನಾದರೆ ಮೊದಲು ಕೈ ಹಾಕುವುದು ಗುಡೆಲ್‌ಗೆ. ಆರು ದಿನ ಬಾಯಲ್ಲಿ ಗುಡೆಲ್ ಇಡುವುದು ಯಾವ ಲೆಕ್ಕದಲ್ಲೂ ಸರಿಯಲ್ಲ ಮಾರಾಯ್ರೇ. ಅದು ಪ್ರಜ್ಞೆ ತಪ್ಪಿದವರಿಗೆ ಮಾಸ್ಕ್ ಹಿಡಿಯುವಾಗ ನಾಲಿಗೆ ಹಿಂದೆ ಬೀಳದಂತೆ ಇಡುವ ಸಾಧನ. ಟ್ಯೂಬ್ ಒಳಗೆ ಹೋದ ಮೇಲೆ ಅದಕ್ಕೆ ಕೆಲಸ ಇಲ್ಲ. ಅದರ ಬಾಗು ನಾಲಿಗೆಯ ಬುಡದ ಮೇಲೇ ಕೂರುತ್ತದೆ, ಅಲ್ಲಿನ ರಕ್ತನಾಳ ಒತ್ತಿದರೆ ರಕ್ತ ಒಳಗೆ ಬರುತ್ತದೆ, ಹೊರಗೆ ಹೋಗುವುದಿಲ್ಲ. ಲಕ್ವ ಹೊಡೆದ ಹಾಗೆ ಬಿದ್ದಿರುವ ನಾಲಿಗೆ ತಾನಾಗಿ ಅಲುಗಾಡಿ ಒತ್ತಡ ತಪ್ಪಿಸಿಕೊಳ್ಳಲೂ ಆಗದು, ನುಂಗುವುದೂ ಇಲ್ಲ. ಹಾಗಾಗಿ ನೀರು ನಿಲ್ಲುತ್ತದೆ.

ಎರಡರಲ್ಲಿ ಯಾವುದು ಅಂತ ಕಣ್ಣಲ್ಲೇ ಸುಮಾರಿಗೆ ಗೊತ್ತಾಗುತ್ತದೆ. ಟಾರ್ಚ್ ಹಿಡಿದು ನೋಡಿ. ಒತ್ತಡದ್ದಾದರೆ ಒಂದು ಬದಿ ಜಾಸ್ತಿ, ಅಂಚಿನಲ್ಲಿ ಹಲ್ಲಿನ ಅಚ್ಚು, ಟ್ಯೂಬ್ ಅಥವಾ ಗುಡೆಲ್ ಕೂತ ಜಾಗದಲ್ಲಿ ಬಿಳಿಚಿದ ಇಲ್ಲವೇ ನೀಲಿಗಟ್ಟಿದ ಪಟ್ಟೆ, ಮುಟ್ಟಿದರೆ ಗಟ್ಟಿ. ಮಾತ್ರೆಯದ್ದಾದರೆ ಮೆತ್ತಗೆ, ತಿಳಿ ಬಣ್ಣ, ತುಟಿ ಕೆನ್ನೆಯೂ ಸೇರಿ. ಕಡು ನೇರಳೆ ಬಣ್ಣದ ಗಡ್ಡೆ ಒಂದೇ ಕಡೆ ಉಬ್ಬಿ ದಿನದಿನಕ್ಕೆ ದೊಡ್ಡದಾಗುತ್ತಿದ್ದರೆ ಒಳಗೆ ರಕ್ತ ತುಂಬಿದೆ, ಆಗ ಎನಾಕ್ಸಪರಿನ್ ಬಗ್ಗೆ ಮೊದಲು ಕೇಳಿ. ಎರಡು ಕಾರಣ ಒಟ್ಟಿಗೇ ಇರಲೂಬಹುದು.

ಒಳಗೆ ತಳ್ಳಿ ಕಟ್ಟುವ ಯೋಚನೆ ಬಿಡಿ. ಬಾತ ನಾಲಿಗೆಯನ್ನು ಬಾಯೊಳಗೆ ತುರುಕಿದರೆ ಹಲ್ಲು ಕೊಯ್ಯುತ್ತದೆ, ರಕ್ತ ಓಡಾಟ ಇನ್ನೂ ಕೆಡುತ್ತದೆ. ಗುಡೆಲ್ ತೆಗೆದು ಎರಡೂ ಬದಿಯ ದವಡೆ ಹಲ್ಲಿನ ನಡುವೆ ಗಾಜ್ ಸುರುಳಿ ಇಡಿ, ನಾಲಿಗೆ ಅದರ ಕೆಳಗೆ ಸಿಗಬಾರದು. ಸುರುಳಿಗೆ ದಾರ ಕಟ್ಟಿ ಕೆನ್ನೆಗೆ ಅಂಟಿಸಿ, ಇಲ್ಲದಿದ್ದರೆ ಗಂಟಲಿಗೆ ಜಾರಿದ್ದು ಗೊತ್ತೇ ಆಗುವುದಿಲ್ಲ. ಹೊರಗೆ ಬಂದ ಭಾಗಕ್ಕೆ ಸಲೈನ್‌ನಲ್ಲಿ ನೆನೆಸಿ ಹಿಂಡಿದ ಗಾಜ್ ಹೊದಿಸಿ, ಒಣಗಲು ಬಿಡಬೇಡಿ, ಎರಡು ಗಂಟೆಗೊಮ್ಮೆ ಬದಲಿಸಿ. ಗ್ಲಿಸರಿನ್ ಹಚ್ಚುವ ಹಳೆ ಅಭ್ಯಾಸ ಬೇಡ, ಅದು ಇರುವ ನೀರನ್ನೂ ಎಳೆದು ಒಣಗಿಸುತ್ತದೆ. ಸ್ಪಿರಿಟ್ ಇರುವ ಮೌತ್‌ವಾಶ್ ಕೂಡ ಬೇಡ. ತಲೆಬದಿ 30 ಡಿಗ್ರಿ ಎತ್ತರಿಸಿ. ಕುತ್ತಿಗೆ ಮುಂದಕ್ಕೆ ಮಡಚಿಕೊಂಡಿರುವಂತೆ ದಪ್ಪ ದಿಂಬು ಇಟ್ಟಿದ್ದರೆ ತೆಗೆಯಿರಿ. ಟ್ಯೂಬಿನ ಟೇಪು ಕುತ್ತಿಗೆ ಸುತ್ತ ಬಿಗಿದಿದ್ದರೂ ರಕ್ತ ಇಳಿಯುವುದಿಲ್ಲ, ಒಂದು ಬೆರಳು ಸಲೀಸಾಗಿ ಹೋಗಬೇಕು.

ಟ್ಯೂಬನ್ನು ಪಾಳಿಗೊಮ್ಮೆ ಬಲದಿಂದ ಎಡಕ್ಕೆ, ಎಡದಿಂದ ಬಲಕ್ಕೆ ಸರಿಸುವುದು ಸಾಮಾನ್ಯ ನಿಯಮ. ನಿಮ್ಮ ಪೇಶೆಂಟಿಗೆ ಮಾತ್ರ ಅರಿವಳಿಕೆ ಡಾಕ್ಟರು ಪಕ್ಕದಲ್ಲಿದ್ದಾಗಲೇ ಮಾಡಿ, ಒಬ್ಬರು ಟ್ಯೂಬ್ ಹಿಡಿದು ಇನ್ನೊಬ್ಬರು ಟೇಪು ಬಿಚ್ಚಬೇಕು. ಸರಿಸಿದ ಮೇಲೆ 23 ಇದೆಯಾ, ಎರಡೂ ಎದೆಗೆ ಗಾಳಿ ಹೋಗುತ್ತಿದೆಯಾ, ಕೇಳಿ ಬರೆದಿಡಿ.

ಮತ್ತೆ ಕಫ್ ಪ್ರೆಶರ್ ನೀವು ಬರೆದೇ ಇಲ್ಲವಲ್ಲ! ಕಫ್ ಅಂದರೆ ಟ್ಯೂಬಿನ ತುದಿಯ ಬಲೂನು, ಮನೆಯವರಿಗೆ ಹೇಳುವಾಗ 'ಬಲೂನು' ಅಂತಲೇ ಹೇಳಿ, ಇಲ್ಲದಿದ್ದರೆ ಗಂಟಲ ಕಫ ಅಂದುಕೊಳ್ಳುತ್ತಾರೆ. ಅದರ ಒತ್ತಡ 20ರಿಂದ 30 ಸೆಂ.ಮೀ. ನೀರಿನಷ್ಟು ಇರಬೇಕು. ಕಡಿಮೆಯಾದರೆ ಬಾಯಿಯ ಜೊಲ್ಲು ಶ್ವಾಸಕೋಶಕ್ಕೆ ಇಳಿಯುತ್ತದೆ. 30 ದಾಟಿದರೆ ಶ್ವಾಸನಾಳದ ಒಳಪೊರೆಗೆ ರಕ್ತ ಕಡಿಮೆಯಾಗುತ್ತದೆ, 50ರ ಹತ್ತಿರ ಹೆಚ್ಚುಕಡಿಮೆ ನಿಂತೇ ಹೋಗುತ್ತದೆ. ಕಫ್‌ಗೆ ಗಾಳಿ ತುಂಬುವ ನಳಿಗೆಯಲ್ಲಿ ಬಾಯಿಯ ಹೊರಗೆ ಕಾಣುವ ಸಣ್ಣ ಪೈಲಟ್ ಬಲೂನನ್ನು ಬೆರಳಲ್ಲಿ ಚಿವುಟಿ "ಸರಿ ಇದೆ" ಅನ್ನುವುದನ್ನು ನಂಬಬೇಡಿ, ಅನುಭವಸ್ಥರ ಬೆರಳೂ ತಪ್ಪುತ್ತದೆ.

ಕಫ್ ಮಾನೋಮೀಟರ್ ಇಲ್ಲದಿದ್ದರೆ ಬಿಪಿ ನೋಡುವ ಡಯಲ್ ಸಾಕು. ತ್ರೀ-ವೇಯ (ಮೂರು ಬಾಯಿಯ ಸಣ್ಣ ನಲ್ಲಿ) ಒಂದು ಬಾಯಿಗೆ ಪೈಲಟ್ ಬಲೂನು, ಇನ್ನೊಂದಕ್ಕೆ ಡಯಲಿನ ನಳಿಗೆ, ಮೂರನೆಯದಕ್ಕೆ 10 ಮಿ.ಲೀ. ಸಿರಿಂಜು. ಡಯಲ್ ತೋರಿಸುವುದು ಪಾದರಸದ ಮಿ.ಮೀ., ಅದನ್ನು 1.36ರಿಂದ ಗುಣಿಸಿದರೆ ನೀರಿನ ಸೆಂ.ಮೀ. ಅಂದರೆ ಡಯಲಿನಲ್ಲಿ ಮುಳ್ಳು 15ರಿಂದ 22ರ ನಡುವೆ ನಿಲ್ಲಬೇಕು. ಜೋಡಿಸುವಾಗ ಸ್ವಲ್ಪ ಗಾಳಿ ನಳಿಗೆಗೆ ಹೋಗಿ ಕಫ್ ಸೊರಗುತ್ತದೆ, ಹಾಗಾಗಿ ಓದಿದ ಮೇಲೆ ಮತ್ತೆ ತುಂಬಿ ಸರಿ ಮಾಡಿಯೇ ಬಿಚ್ಚಬೇಕು. ಎಂಟು ಗಂಟೆಗೊಮ್ಮೆ.

ಹುಬ್ಬಳ್ಳಿಗೆ ಕಳಿಸುವ ಮಾತು ಬಂದರೆ ಇದು ನೆನಪಿರಲಿ. ಕರಾವಳಿಯಿಂದ ಅರಬೈಲ್ ಘಟ್ಟ ಹತ್ತಿದರೆ 500 ಮೀಟರ್‌ಗಿಂತ ಹೆಚ್ಚು ಮೇಲೇರುತ್ತೀರಿ, ಹೊರಗಿನ ಗಾಳಿಯ ಒತ್ತಡ ಕಡಿಮೆಯಾಗುತ್ತದೆ, ಕಫ್ ಒಳಗಿನ ಗಾಳಿ ಹಿಗ್ಗುತ್ತದೆ. ಕೆಳಗೆ 25 ಇದ್ದದ್ದು ಮೇಲೆ 30 ದಾಟಿರುತ್ತದೆ. ಘಟ್ಟ ಹತ್ತಿ ಯಲ್ಲಾಪುರ ಮುಟ್ಟಿದಾಗ ಆಂಬುಲೆನ್ಸಿನಲ್ಲೇ ಒಮ್ಮೆ ನೋಡಬೇಕು. ವಾಪಸ್ ಇಳಿಯುವಾಗ ಉಲ್ಟಾ, ಸೋರಿಕೆ ಶುರುವಾಗುತ್ತದೆ. ಮಣಿಪಾಲಕ್ಕೋ ಗೋವಾಕ್ಕೋ ಸಮುದ್ರದ ಬದಿಯಲ್ಲೇ ಹೋಗುವವರಿಗೆ ಈ ತಾಪತ್ರಯ ಇಲ್ಲ.


ಅಘನಾಶಿನಿ ತೀರ, ಕುಮಟಾ:

ಇಬ್ಬರಿಗೂ ಧನ್ಯವಾದ. ಡಾಕ್ಟರಿಗೆ ಹೇಳಿ ಎನಾಲಪ್ರಿಲ್, ವಿಲ್ಡಾಗ್ಲಿಪ್ಟಿನ್ ಎರಡೂ ನಿಂತಿವೆ. ಕ್ರಿಯಾಟಿನಿನ್ 1.1. ಗುಡೆಲ್ ತೆಗೆದೆವು. ನಾಲಿಗೆಯ ಮಧ್ಯಕ್ಕಿಂತ ಸ್ವಲ್ಪ ಬಲಕ್ಕೆ ಅದರ ಅಂಚಿನದೇ ಅಚ್ಚು, ಬಿಳಿ ಪಟ್ಟೆ, ಅದರ ಹಿಂದೆ ನಾಣ್ಯದಷ್ಟು ಹುಣ್ಣು. ಆದರೆ ತುಟಿ ಮಾತ್ರ ಎರಡೂ ಬದಿ ಸಮ ಊದಿದೆ. ಕಫ್ ನೋಡಿದರೆ ಡಯಲಿನಲ್ಲಿ 34, ಅಂದರೆ 46 ಸೆಂ.ಮೀ. ನೀರು. ಈಗ 18ಕ್ಕೆ ತಂದಿದ್ದೇವೆ.

ಮಾತ್ರೆ ನಿಲ್ಲಿಸಿದ ಮೂರನೇ ದಿನದ ಮಾಹಿತಿ: ತುಟಿ ಪೂರ್ತಿ ಇಳಿದಿದೆ. ನಾಲಿಗೆ ಹಲ್ಲಿನ ಒಳಗೆ ಬಂದಿದೆ, ಬಲಬದಿ ಇನ್ನೂ ದಪ್ಪ. ಕುತ್ತಿಗೆ ಎತ್ತುತ್ತಾರೆ, ಎರಡು ಸೆಕೆಂಡು. ಟ್ಯೂಬ್ ತೆಗೆಯುವ ಮೊದಲು ಲೀಕ್ ಟೆಸ್ಟ್ (ಕಫ್ ಬಿಟ್ಟಾಗ ಟ್ಯೂಬಿನ ಸುತ್ತ ಗಾಳಿ ಎಷ್ಟು ಸೋರುತ್ತದೆ ಅನ್ನುವ ಪರೀಕ್ಷೆ) ಮಾಡಿ ಅಂದಿದ್ದಾರೆ. ನಾವು ಇದುವರೆಗೆ ಕಫ್ ಬಿಟ್ಟು 'ಸೊಂಯ್' ಅಂತ ಸದ್ದು ಬಂದರೆ ಆಯಿತು ಅಂತಿದ್ದೆವು. ಲೆಕ್ಕದಲ್ಲಿ ಮಾಡುವುದು ಹೇಗೆ?


ಕೋಡಿಬಾಗ, ಕಾರವಾರ:

ತುಟಿ ಮಾತ್ರೆಯ ಲೆಕ್ಕಕ್ಕೆ, ಹುಣ್ಣು ಗುಡೆಲ್ ಲೆಕ್ಕಕ್ಕೆ. ಶಿರಸಿಯವರು ಹೇಳಿದಂತೆ ಎರಡೂ ಇತ್ತು ಅನ್ನಿಸುತ್ತದೆ.

ಎರಡು ಸೆಕೆಂಡು ಸಾಲದು. ತಲೆಯನ್ನು ದಿಂಬಿನಿಂದ ಎತ್ತಿ ಐದು ಸೆಕೆಂಡು ಹಿಡಿಯಬೇಕು, ಸಕ್ಷನ್ ಹಾಕಿದಾಗ ಗಟ್ಟಿಯಾಗಿ ಕೆಮ್ಮಬೇಕು, ನಾಲಿಗೆಯನ್ನು ತಾನಾಗಿ ಮುಂದೆ ಚಾಚಿ ಒಳಗೆ ಎಳೆದುಕೊಳ್ಳಬೇಕು. ಕಟ್ಟುಹಾವಿನ ಕೇಸಿನಲ್ಲಿ ಸ್ನಾಯುವಿನ ಬಲ ನಿಧಾನ ಬರುತ್ತದೆ, ಅವಸರ ಪಟ್ಟು ತೆಗೆದು ಮತ್ತೆ ಹಾಕುವುದಕ್ಕಿಂತ ಒಂದು ದಿನ ಕಾಯುವುದು ಲೇಸು.

ಲೀಕ್ ಟೆಸ್ಟ್ ಹೀಗೆ. ಮೊದಲು ಬಾಯಿ, ಗಂಟಲಿನ ಹಿಂಭಾಗ ಚೆನ್ನಾಗಿ ಸಕ್ಷನ್ ಮಾಡಿ. ಕಫ್ ಮೇಲೆ ನಿಂತ ಜೊಲ್ಲು ಬಿಟ್ಟ ಕೂಡಲೇ ಕೆಳಗಿಳಿದು ಕೆಮ್ಮು ಬಂದರೆ ಲೆಕ್ಕ ಹಾಳು. ವೆಂಟಿಲೇಟರ್ ವಾಲ್ಯೂಮ್ ಅಸಿಸ್ಟ್ ಕಂಟ್ರೋಲ್‌ನಲ್ಲಿರಲಿ, ಅಂದರೆ ಪ್ರತಿ ಉಸಿರಿಗೂ ನಿಗದಿ ಮಾಡಿದಷ್ಟೇ ಗಾಳಿ ಹೋಗುವ ಕ್ರಮ. ಒಳಗೆ ಹೋಗುವ ಗಾಳಿ ಬರೆದುಕೊಳ್ಳಿ, 450 ಅನ್ನೋಣ. ಕಫ್ ಪೂರ್ತಿ ಬಿಡಿ. ಆರು ಉಸಿರು ಎಣಿಸಿ, ಹೊರಬರುವ ಗಾಳಿಯ ಆರು ಅಂಕಿ ಬರೆಯಿರಿ, ಅದರಲ್ಲಿ ಅತಿ ಕಡಿಮೆ ಇರುವ ಮೂರರ ಸರಾಸರಿ ತೆಗೆಯಿರಿ. ಅದು 395 ಬಂದರೆ ಸೋರಿದ್ದು 55 ಮಿ.ಲೀ. 110ಕ್ಕಿಂತ ಕಡಿಮೆ ಸೋರಿದರೆ ಟ್ಯೂಬಿನ ಸುತ್ತ ಜಾಗ ಇಲ್ಲ, ಅಂದರೆ ಧ್ವನಿತಂತುಗಳ ಮಟ್ಟದಲ್ಲಿ ಊತ ಇದೆ ಅಂತ ಅನುಮಾನ ಪಡಬೇಕು. ಶೇಕಡಾ ಲೆಕ್ಕದಲ್ಲಿ ನೋಡುವವರು ಹತ್ತಕ್ಕೋ ಹದಿನೈದಕ್ಕೋ ಗೆರೆ ಹಾಕುತ್ತಾರೆ, ಯಾವುದಾದರೂ ಒಂದಕ್ಕೆ ಅಂಟಿಕೊಳ್ಳಿ. ನಿಮ್ಮ 46ರ ಕಫ್ ನೆನೆದರೆ ಈ ಪೇಶೆಂಟ್‌ನಲ್ಲಿ ಸೋರಿಕೆ ಕಡಿಮೆ ಬಂದರೆ ನನಗೆ ಆಶ್ಚರ್ಯ ಇಲ್ಲ. ಎಂಟು ನಂಬರ್ ಟ್ಯೂಬ್ ಸಣ್ಣ ಗಂಟಲಲ್ಲಿ ಬಿಗಿಯಾಗಿ ಕೂತಿದ್ದರೂ ಸೋರಿಕೆ ಕಡಿಮೆಯೇ ಬರುತ್ತದೆ, ಅದೂ ತಲೆಯಲ್ಲಿರಲಿ.

ಈ ಪರೀಕ್ಷೆ ಗಂಟಲೊಳಗಿನ ಮಾತು ಮಾತ್ರ ಹೇಳುತ್ತದೆ, ನಾಲಿಗೆಯದ್ದು ಹೇಳುವುದಿಲ್ಲ. ಟ್ಯೂಬ್ ಇರುವ ತನಕ ನಾಲಿಗೆ ದಾರಿ ಮುಚ್ಚಲಾರದು, ತೆಗೆದ ಮರುಕ್ಷಣ ಮುಚ್ಚಬಹುದು. ಹಾಗಾಗಿ ಸೋರಿಕೆ ಚೆನ್ನಾಗಿದ್ದರೂ ನಾಲಿಗೆ ಬಾಯೊಳಗೆ ಆರಾಮವಾಗಿ ಕೂತು ಬಾಯಿ ಮುಚ್ಚುವಂತಿರಬೇಕು.

ಸೋರಿಕೆ ಕಡಿಮೆ ಇದ್ದರೆ ಡಾಕ್ಟರು ಸ್ಟೀರಾಯ್ಡ್ ಬರೆಯುತ್ತಾರೆ. ತೆಗೆಯುವ 12 ಗಂಟೆ ಮೊದಲು ಮೀಥೈಲ್‌ಪ್ರೆಡ್ನಿಸೋಲೋನ್ 20 ಮಿ.ಗ್ರಾಂ ಶುರು ಮಾಡಿ 4 ಗಂಟೆಗೊಮ್ಮೆ ಕೊಡುವುದು ಒಂದು ಕ್ರಮ. ಬಾಗಿಲಲ್ಲಿ ನಿಂತು ಒಂದು ಡೋಸ್ ಕೊಟ್ಟು ಹತ್ತು ನಿಮಿಷಕ್ಕೆ ತೆಗೆದರೆ ಏನೂ ಪ್ರಯೋಜನ ಇಲ್ಲ, ಕನಿಷ್ಠ ನಾಲ್ಕು ಗಂಟೆಯಾದರೂ ಬೇಕು. ಸಕ್ಕರೆ ಏರುತ್ತದೆ, ನೋಡಿಕೊಳ್ಳಿ.

ತೆಗೆಯುವುದು ಬೆಳಿಗ್ಗೆ ಹತ್ತರ ಸುಮಾರಿಗೆ ಇರಲಿ, ಎಲ್ಲರೂ ಊರಲ್ಲಿರುವ ಹೊತ್ತು. ಇಎನ್‌ಟಿಯವರಿಗೆ ಮೊದಲೇ ಹೇಳಿ. ತೆಗೆದ ಮೇಲೆ ಉಸಿರೆಳೆದುಕೊಳ್ಳುವಾಗ ಸೀಟಿಯಂಥ ಸದ್ದು ಬಂದರೆ ಅಡ್ರಿನಾಲಿನ್ 1 ಮಿ.ಗ್ರಾಂ ಅನ್ನು 4 ಮಿ.ಲೀ. ಸಲೈನ್‌ನಲ್ಲಿ ಬೆರೆಸಿ ನೆಬ್ಯುಲೈಸ್ ಮಾಡುತ್ತಾರೆ. ಅದರ ಪ್ರಭಾವ ಒಂದೆರಡು ಗಂಟೆ ಮಾತ್ರ, ಸದ್ದು ನಿಂತಿತು ಅಂತ ವಾರ್ಡಿಗೆ ಸಾಗಿಸಬೇಡಿ. ಕುತ್ತಿಗೆಯ ಗುಂಡಿ ಒಳಗೆ ಎಳೆಯುತ್ತಿದ್ದರೆ, ಬೆವರುತ್ತಿದ್ದರೆ, ಮಂಕಾಗುತ್ತಿದ್ದರೆ ಮಾಸ್ಕ್ ವೆಂಟಿಲೇಟರ್ ಹಾಕಿ ಹೊತ್ತು ಕಳೆಯದೆ ಮತ್ತೆ ಟ್ಯೂಬ್, ಈ ಸಲ 6.5 ಅಥವಾ 7.


ಶರಾವತಿ ದಂಡೆ, ಹೊನ್ನಾವರ:

ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ಹರ್ನಿಯಾ ಆಪರೇಶನ್‌ಗೆ ಒಂದು ತಾಸು ಟ್ಯೂಬ್ ಹಾಕಿದ್ದವರಿಗೆ ಗಂಟಲು ನೋವು, ಧ್ವನಿ ಒಡೆದದ್ದು ಎಷ್ಟು ದಿನ ಇರುತ್ತದೆ? ಕಿರುನಾಲಿಗೆ ಉದ್ದವಾಗಿ ಗಂಟಲಲ್ಲಿ ಏನೋ ಸಿಕ್ಕಿದಂತೆ ಆಗುತ್ತದೆ ಅನ್ನುತ್ತಾರೆ.


ಮಾರಿಗುಡಿ ಬೀದಿ, ಶಿರಸಿ (ಇಎನ್‌ಟಿ):

ಶರಾವತಿ ದಂಡೆಯವರಿಗೆ: ಸಾಧಾರಣ ಗಂಟಲು ನೋವು ಎರಡು ಮೂರು ದಿನ. ಕಿರುನಾಲಿಗೆ ಟ್ಯೂಬಿಗೋ ಸಕ್ಷನ್ ನಳಿಗೆಗೋ ಉಜ್ಜಿ ಬಾತಿರುತ್ತದೆ, ಅದೂ ಕೆಲವು ದಿನದಲ್ಲಿ ಇಳಿಯುತ್ತದೆ. ಬೆಚ್ಚಗಿನ ಉಪ್ಪುನೀರು ಮುಕ್ಕಳಿಸಿ, ಪಿಸುಮಾತು ಬೇಡ, ಅದು ಧ್ವನಿತಂತಿಗೆ ಇನ್ನೂ ಶ್ರಮ. ಧ್ವನಿ ಎರಡು ವಾರಕ್ಕೂ ಸರಿ ಹೋಗದಿದ್ದರೆ ಇಎನ್‌ಟಿ ನೋಡಲಿ. ಜ್ವರ, ಕುತ್ತಿಗೆ ಊತ, ಚರ್ಮ ಒತ್ತಿದರೆ ಮಂಡಕ್ಕಿ ಒತ್ತಿದ ಹಾಗೆ ಚರಚರ ಅನ್ನುವುದು, ಎಂಜಲೂ ನುಂಗಲಾಗದ ನೋವು, ಇವುಗಳಲ್ಲಿ ಒಂದಿದ್ದರೂ ಅವತ್ತೇ ಆಸ್ಪತ್ರೆಗೆ.

ನಮ್ಮ ಕಡೆಯವರಿಗೆ ಇನ್ನೊಂದು ಮಾತು. ಕವಳ ಹಾಕಿ ಹಾಕಿ ಬಾಯಿ ಬಿಗಿದವರು ಆಪರೇಶನ್‌ಗೆ ಮೊದಲೇ ಅದನ್ನು ಹೇಳಬೇಕು. ಬಾಯಿ ತೆರೆದರೆ ನಿಮ್ಮದೇ ಮೂರು ಬೆರಳು ನೆಟ್ಟಗೆ ಹೋಗಬೇಕು. ಎರಡೇ ಹೋದರೆ ಟ್ಯೂಬ್ ಹಾಕುವುದು ಕಷ್ಟ, ಬೆರಳು ಒಂದೇ ಹೋದರೆ ಮೂಗಿನಿಂದ ದುರ್ಬೀನಿನ ಸಹಾಯದಲ್ಲಿ ಹಾಕಬೇಕಾಗಬಹುದು. ಅಡಿಕೆಯಿಂದ ಕೆನ್ನೆಯ ಒಳಪೊರೆ ನಾರುಗಟ್ಟಿದ ಬಾಯಿ ಅರಿವಳಿಕೆ ಕೊಟ್ಟರೂ ಸಡಿಲವಾಗುವುದಿಲ್ಲ. ಗೊತ್ತಿಲ್ಲದೆ ನಾಲ್ಕೈದು ಸಲ ಪ್ರಯತ್ನಿಸಿದರೆ ಪ್ರತಿ ಸಲವೂ ಗಂಟಲು ಇನ್ನಷ್ಟು ಬಾಯುತ್ತದೆ.

ಅಘನಾಶಿನಿಯವರಿಗೆ: ನಿಮ್ಮ ಪೇಶೆಂಟ್ ಮನೆಗೆ ಹೋದ ಮೇಲಿನದ್ದು ನನಗೆ ಹೆಚ್ಚು ಚಿಂತೆ. 46ರಲ್ಲಿ ಎಷ್ಟು ದಿನ ಇತ್ತೋ ಗೊತ್ತಿಲ್ಲ. ಒಳಪೊರೆ ರಕ್ತ ಇಲ್ಲದೆ ಸತ್ತರೆ ಹುಣ್ಣಾಗುತ್ತದೆ, ಹುಣ್ಣು ಮಾಯುವಾಗ ಉಂಗುರದ ಹಾಗೆ ಬಿಗಿಯುತ್ತದೆ. ಈ ಕೆಲಸಕ್ಕೆ ವಾರಗಳು ಬೇಕು. ಅಷ್ಟರಲ್ಲಿ ಪೇಶೆಂಟ್ ಮನೆ ಸೇರಿರುತ್ತಾನೆ, ಹಾವು ಕಡಿದದ್ದೇ ಹಳೆ ಕಥೆಯಾಗಿರುತ್ತದೆ. ತೋಟಕ್ಕೆ ಹತ್ತುವಾಗ ಏದುಸಿರು, ರಾತ್ರಿ ಗೊರಗೊರ. ಎದೆಗೆ ಸ್ಟೆತಸ್ಕೋಪ್ ಇಟ್ಟವರು ಸದ್ದು ಕೇಳಿ "ಅಸ್ತಮಾ" ಅಂತ ಪಂಪು ಬರೆದುಕೊಡುತ್ತಾರೆ. ಪಂಪು ಎಳೆದರೂ ಏನೂ ಬದಲಾಗುವುದಿಲ್ಲ. ಶ್ವಾಸನಾಳ ಅರ್ಧಕ್ಕೆ ಕಿರಿದಾಗುವ ತನಕ ಕೂತವರಿಗೆ ಏನೂ ಗೊತ್ತಾಗುವುದಿಲ್ಲ, 5 ಮಿ.ಮೀ.ಗೆ ಬಂದಾಗ ಕೂತಲ್ಲೂ ಸದ್ದು. ಅಲ್ಲಿಂದ ಒಂದು ಕಫದ ತುಣುಕು ಸಿಕ್ಕಿಕೊಂಡರೆ ಸಾಕು.

ಅಸ್ತಮಾದ ಸದ್ದು ಉಸಿರು ಬಿಡುವಾಗ, ಎದೆಯ ಮೇಲೆ ಜೋರು. ಇದು ಮುಖ್ಯವಾಗಿ ಉಸಿರೆಳೆಯುವಾಗ, ಕುತ್ತಿಗೆಯ ಮೇಲೆ ಜೋರು. ಕೇಳಬೇಕಾದ ಪ್ರಶ್ನೆ ಒಂದೇ, "ಮೂರು ನಾಲ್ಕು ತಿಂಗಳ ಈಚೆಗೆ ವೆಂಟಿಲೇಟರ್ ಹಾಕಿದ್ದರಾ?" ಹೌದು ಅಂದರೆ ದುರ್ಬೀನು ಹಾಕಿ ನೋಡಬೇಕು, ಕುತ್ತಿಗೆಯ ಸಿಟಿ ಮಾಡಿಸಬೇಕು. ಬೇಗ ಸಿಕ್ಕರೆ ಬಲೂನಿನಿಂದ ಹಿಗ್ಗಿಸಿ ಬಹಳ ಸಲ ಸುಧಾರಿಸುತ್ತದೆ, ತಡವಾದರೆ ಆ ಭಾಗ ಕತ್ತರಿಸಿ ಜೋಡಿಸುವ ದೊಡ್ಡ ಆಪರೇಶನ್, ಅದು ನಮ್ಮ ಜಿಲ್ಲೆಯಲ್ಲಿ ಆಗುವಂಥದ್ದಲ್ಲ. ಡಿಸ್ಚಾರ್ಜ್ ಕಾರ್ಡಿನಲ್ಲಿ ಎಷ್ಟು ದಿನ ಟ್ಯೂಬ್ ಇತ್ತು, ಎಷ್ಟು ನಂಬರ್, ಕಫ್ ಪ್ರೆಶರ್ ಎಷ್ಟು ಕಂಡಿತ್ತು, ಎಲ್ಲ ಬರೆಯಿರಿ. ನಮ್ಮ ಓಪಿಡಿಗೆ ಬರುವ ಕಾರ್ಡುಗಳಲ್ಲಿ 'ವೆಂಟಿಲೇಟರಿ ಸಪೋರ್ಟ್ ಗಿವನ್' ಅಂತ ಒಂದು ಸಾಲು ಬಿಟ್ಟರೆ ಬೇರೇನೂ ಇರುವುದಿಲ್ಲ.


ಗಂಜಿ ತಿಳಿ, ಅಂಕೋಲಾ (ಮಾತು ಮತ್ತು ನುಂಗುವಿಕೆ ಚಿಕಿತ್ಸೆ):

ಟ್ಯೂಬ್ ತೆಗೆದ ಅರ್ಧ ಗಂಟೆಗೆ ಎಳನೀರು ಕುಡಿಸುವ ಮನೆಯವರನ್ನು ಮೊದಲು ತಡೆಯಿರಿ. ಎರಡು ದಿನಕ್ಕಿಂತ ಹೆಚ್ಚು ಟ್ಯೂಬ್ ಇದ್ದವರ ಗಂಟಲು ಮರಗಟ್ಟಿರುತ್ತದೆ, ತಪ್ಪುದಾರಿಗೆ ಹೋದರೂ ಕೆಮ್ಮು ಬರದೆ ಇರಬಹುದು. ರೈಲ್ಸ್ ಟ್ಯೂಬ್ ಇರಲಿ, ಔಷಧಿ ಆಹಾರ ಅದರಲ್ಲೇ.

ಮರುದಿನ ನೆಟ್ಟಗೆ ಕೂರಿಸಿ, ಬಾಯಿ ಒದ್ದೆ ಮಾಡಿ, ಟೀ ಚಮಚದಲ್ಲಿ 5 ಮಿ.ಲೀ. ನೀರು. ಗಂಟಲ ಗಂಟು ಮೇಲೆ ಹೋಗಿ ಇಳಿಯಿತಾ, ಬೆರಳಿಟ್ಟು ನೋಡಿ. "ಆ" ಅನ್ನಿಸಿ, ಧ್ವನಿ ನೀರು ತುಂಬಿದ ಹಾಗೆ ಗುಳುಗುಳು ಅಂದರೆ ಅಲ್ಲಿಗೇ ನಿಲ್ಲಿಸಿ. ಮೂರು ಚಮಚ ಸಲೀಸಾದರೆ 90 ಮಿ.ಲೀ. ನಿಲ್ಲಿಸದೆ ಕುಡಿಯಲಿ. ಕೆಮ್ಮಿದರೆ, ಮಧ್ಯೆ ನಿಂತರೆ, ಧ್ವನಿ ಒದ್ದೆಯಾದರೆ ಫೇಲ್. ಪಾಸಾದವರಿಗೂ ಒಂದು ದಿನ ಜ್ವರ, ಆಕ್ಸಿಜನ್ ನೋಡುತ್ತಿರಿ.

ಇನ್ನು ಆಹಾರ. ನಮ್ಮ ಕಡೆ ಹುಷಾರಿಲ್ಲದವರಿಗೆ ಕುಚ್ಚಲಕ್ಕಿ ಗಂಜಿ, ಇದೇ ಸಮಸ್ಯೆ. ಅಗುಳು ಅಗಿಯಬೇಕು, ತಿಳಿ ಅಷ್ಟರಲ್ಲೇ ಗಂಟಲಿಗೆ ಓಡುತ್ತದೆ. ಗಟ್ಟಿ ಮತ್ತು ತೆಳು ಒಂದೇ ತುತ್ತಲ್ಲಿ ಇರುವುದು ದುರ್ಬಲ ಗಂಟಲಿಗೆ ಅತಿ ಕಷ್ಟದ ಆಹಾರ. ಅದೇ ಗಂಜಿಯನ್ನು ಮಿಕ್ಸಿಯಲ್ಲಿ ಒಂದೇ ಸಮ ನುಣ್ಣಗೆ ಮಾಡಿ, ಚಮಚ ಓರೆ ಮಾಡಿದರೆ ಮುದ್ದೆಯಾಗಿ ಜಾರಬೇಕು, ಹರಿಯಬಾರದು. ರಾಗಿ ಮಣ್ಣಿ ಇದಕ್ಕೆ ಹೇಳಿ ಮಾಡಿಸಿದ್ದು. ಮಜ್ಜಿಗೆ, ತಂಬುಳಿ, ಅಪ್ಪೆಹುಳಿ ತೆಳು, ಹುಳಿ ಬೇರೆ, ನಾಲಿಗೆಯ ಹುಣ್ಣಿಗೆ ಉರಿ. ಅವು ಕೊನೆಗೆ. ಒಣ ಅವಲಕ್ಕಿ ಬೇಡ. ಮೀನು ಬೇಕೇ ಬೇಕು ಅಂದರೆ ಮುಳ್ಳು ತೆಗೆದು ಅರೆದು. ಬಂಗಡೆ ಮುಳ್ಳು ಮರಗಟ್ಟಿದ ಗಂಟಲಿಗೆ ಗೊತ್ತಾಗುವುದಿಲ್ಲ.


ಅಘನಾಶಿನಿ ತೀರ, ಕುಮಟಾ:

ಮೊದಲ ಲೀಕ್ ಟೆಸ್ಟ್ 70 ಮಿ.ಲೀ. ಸ್ಟೀರಾಯ್ಡ್ ನಾಲ್ಕು ಡೋಸ್ ಆದ ಮೇಲೆ 160. ತಲೆ ಏಳು ಸೆಕೆಂಡು ಹಿಡಿದರು. ಹತ್ತನೇ ದಿನ ಬೆಳಿಗ್ಗೆ ತೆಗೆದರು, ಸೀಟಿ ಸದ್ದಿಲ್ಲ. ನೀರಿನ ಪರೀಕ್ಷೆ ಮೊದಲ ದಿನ ಎರಡನೇ ಚಮಚಕ್ಕೇ ಫೇಲ್, ಮೂರನೇ ದಿನ ಪಾಸ್. ಈಗ ಮಣ್ಣಿ ತಿನ್ನುತ್ತಿದ್ದಾರೆ.

ಒಂದೇ ಉಳಿದಿದೆ. ನಾಲಿಗೆ ಚಾಚಿದರೆ ತುದಿ ಬಲಕ್ಕೆ ತಿರುಗುತ್ತದೆ. ಧ್ವನಿ ಒಡೆದಿದೆ, ಕೆಮ್ಮು ಸಪ್ಪೆ.


ಮಾರಿಗುಡಿ ಬೀದಿ, ಶಿರಸಿ:

ಬಲಕ್ಕೆ ತಿರುಗುವುದೆಂದರೆ ಬಲಬದಿಯ ನಾಲಿಗೆಯ ನರ ಸೋತಿದೆ, ಒಳ್ಳೆಯ ಬದಿ ತಳ್ಳುತ್ತದೆ, ತುದಿ ಸೋತ ಬದಿಗೆ ವಾಲುತ್ತದೆ. ಬಲಬದಿಯಲ್ಲೇ ಟ್ಯೂಬ್, ಗುಡೆಲ್ ಒತ್ತಿದ್ದವು. ಧ್ವನಿಯೂ ಒಡೆದಿದೆ ಅಂದರೆ ಅದೇ ಬದಿಯ ಧ್ವನಿತಂತಿನ ನರವೂ ಸೇರಿರಬಹುದು, ಎರಡೂ ಒಟ್ಟಿಗೆ ಸೋಲುವುದಕ್ಕೆ ಟಾಪಿಯಾ ಸಿಂಡ್ರೋಮ್ ಅನ್ನುತ್ತಾರೆ. ಹಾವಿನ ವಿಷದ ಉಳಿಕೆ ಆಗಿದ್ದರೆ ಎರಡೂ ಬದಿ ಸಮ ಸೋಲಬೇಕಿತ್ತು.

ಡಿಸ್ಚಾರ್ಜ್‌ಗೆ ಮೊದಲೇ ದುರ್ಬೀನು ಹಾಕಿಸಿ. ನರ ಒತ್ತಿದ್ದಷ್ಟೇ ಆಗಿದ್ದರೆ ವಾರಗಳಿಂದ ಆರು ತಿಂಗಳೊಳಗೆ ಹೆಚ್ಚಿನವರಿಗೆ ಮರಳುತ್ತದೆ. ಆದರೆ ಧ್ವನಿತಂತಿನ ಹಿಂದಿನ ಪುಟ್ಟ ಮೃದ್ವಸ್ಥಿ (ಮೆದುಮೂಳೆ) ಸಂದಿಯಿಂದ ಜಾರಿದ್ದರೂ ಧ್ವನಿ ಹೀಗೇ ಒಡೆಯುತ್ತದೆ, ಅದನ್ನು ಬೇಗ ಕೂರಿಸದಿದ್ದರೆ ಅಲ್ಲೇ ಬೆಸೆದುಹೋಗುತ್ತದೆ. ಹೊರಗಿನಿಂದ ಎರಡಕ್ಕೂ ವ್ಯತ್ಯಾಸ ಗೊತ್ತಾಗದು. ಕಾರ್ಡಿನ ಮೇಲ್ಭಾಗದಲ್ಲಿ ಕೆಂಪು ಶಾಯಿಯಲ್ಲಿ "ಎನಾಲಪ್ರಿಲ್, ರಾಮಿಪ್ರಿಲ್, ಲಿಸಿನೋಪ್ರಿಲ್, ಪೆರಿಂಡೋಪ್ರಿಲ್ ಯಾವುದೂ ಕೊಡಬಾರದು" ಅಂತ ಬರೆದು, ಮನೆಯಲ್ಲಿ ಉಳಿದ ಮಾತ್ರೆಯ ಸ್ಟ್ರಿಪ್ ತರಿಸಿ ಅಲ್ಲೇ ಬಿಸಾಡಿಸಿ. ಆರನೇ ವಾರಕ್ಕೆ ಮತ್ತೊಮ್ಮೆ ಗಂಟಲು ನೋಡಿಸುವ ದಿನಾಂಕವನ್ನೂ ಅದರ ಕೆಳಗೇ ಬರೆಯಿರಿ.